ಉಂಡ ಮನೆಯ ಬಾಗಿಲು: ಲಿಯೋಪೋಲ್ಡ್ ಲಿಂಟ್‌ಬರ್ಗ್

ಕಳೆದ ವರ್ಷ ಒಂದು ರಸಪ್ರಶ್ನೆ ಸ್ಪರ್ಧೆಯಲ್ಲಿ ನಮ್ಮ ತಂಡಕ್ಕೆ ಬಂದ ಪ್ರಶ್ನೆ ಇದು: ಫ್ರಾನ್ಸಿನ ಕಾನ್ ಚಿತ್ರೋತ್ಸವದಲ್ಲಿ ಅತಿ ದೊಡ್ಡ ಪ್ರಶಸ್ತಿ ಪಡೆದ ಮೊದಲ ಭಾರತೀಯ ಚಿತ್ರ ಯಾವುದು? ಉತ್ತರ ನನಗೆ ಗೊತ್ತಿತ್ತು. ಚೇತನ್ ಆನಂದ್ ನಿರ್ದೇಶಿಸಿದ 'ನೀಚಾ ನಗರ್'. ವರ್ಷ 1946. ಉರ್ದು ಸಾಹಿತಿ ಹಯಾತುಲ್ಲಾ ಅನ್ಸಾರಿಯವರ ಕಥೆ. ಅದರ ಬರವಣಿಗೆಯಲ್ಲಿ ಖ್ವಾಜಾ ಅಹ್ಮದ್ ಅಬ್ಬಾಸ್ ಅವರ ಪಾಲೂ ಇತ್ತು. ಅಂಕ ಬಂತು, ನಮ್ಮ ತಂಡಕ್ಕೆ ಮೂರನೆಯ ಸ್ಥಾನವೂ ಬಂತು. ಪ್ರಮಾಣಪತ್ರ ಹಿಡಿದುಕೊಂಡು ಸಂಜೆಯ ಬಸ್ಸು ಹತ್ತಿದೆವು.

ಬಸ್ಸಿನಲ್ಲಿ ಗೆಳೆಯನೊಬ್ಬ ಒಂದು ಪ್ರಶ್ನೆ ಎತ್ತಿದ. ಆ ವರ್ಷ ನಮ್ಮ ಚಿತ್ರ ಯಾವ ಯಾವ ದೇಶಗಳನ್ನು ಸೋಲಿಸಿತು ಎಂದು. ನನಗೆ ಗೊತ್ತಿರಲಿಲ್ಲ. ಮನೆಗೆ ಬಂದು ಹುಡುಕಿದಾಗ ಗೊತ್ತಾಯಿತು, ಯಾರನ್ನೂ ಸೋಲಿಸಿರಲಿಲ್ಲ. ಮಹಾಯುದ್ಧ ಮುಗಿದ ಮರುವರ್ಷ ನಡೆದ ಆ ಉತ್ಸವದಲ್ಲಿ ಬೇರೆ ಬೇರೆ ದೇಶಗಳ ಹನ್ನೊಂದು ಚಿತ್ರಗಳಿಗೆ ಆ ಪ್ರಶಸ್ತಿಯನ್ನು ಹಂಚಲಾಗಿತ್ತು. ಇಟಲಿಯ 'ರೋಮ್ ಓಪನ್ ಸಿಟಿ' ಅದರಲ್ಲಿತ್ತು, ಇಂಗ್ಲೆಂಡಿನ 'ಬ್ರೀಫ್ ಎನ್‌ಕೌಂಟರ್' ಇತ್ತು. ಪಟ್ಟಿಯಲ್ಲಿ ಸ್ವಿಟ್ಜರ್ಲೆಂಡಿನದೂ ಒಂದು ಚಿತ್ರವಿತ್ತು. ಅದರ ಹೆಸರು 'ದ ಲಾಸ್ಟ್ ಚಾನ್ಸ್', ಅಂದರೆ ಕೊನೆಯ ಅವಕಾಶ. ನಿರ್ದೇಶಕ ಲಿಯೋಪೋಲ್ಡ್ ಲಿಂಟ್‌ಬರ್ಗ್.

ಸ್ವಿಟ್ಜರ್ಲೆಂಡ್ ಎಂದರೆ ನನಗೆ ಅಲ್ಲಿಯವರೆಗೆ ಗಡಿಯಾರ, ಚಾಕೊಲೇಟ್ ಮತ್ತು ಹಿಂದಿ ಸಿನಿಮಾಗಳ ಹಾಡಿನಲ್ಲಿ ಕಾಣುವ ಹಿಮದ ಬೆಟ್ಟ, ಅಷ್ಟೆ. ಈ ಚಿತ್ರದಲ್ಲಿಯೂ ಹಿಮದ ಬೆಟ್ಟವಿದೆ. ಆದರೆ ಅಲ್ಲಿ ಯಾರೂ ಹಾಡಿ ಕುಣಿಯುವುದಿಲ್ಲ. ಮುದುಕರು, ಹೆಂಗಸರು, ಮಕ್ಕಳು ಮೊಣಕಾಲವರೆಗಿನ ಹಿಮದಲ್ಲಿ ಕಾಲೆಳೆಯುತ್ತಾ ಒಂದು ಗಡಿಯ ಕಡೆಗೆ ನಡೆಯುತ್ತಾರೆ. ಬೆಟ್ಟದ ಆಚೆ ಸ್ವಿಟ್ಜರ್ಲೆಂಡ್ ಇದೆ. ಅಲ್ಲಿ ಬಾಗಿಲು ತೆರೆಯುತ್ತದೋ ಇಲ್ಲವೋ ಅವರಿಗೆ ಗೊತ್ತಿಲ್ಲ.

ಈ ಚಿತ್ರ ಮಾಡಿದವರು ಯಾರು ಎಂದು ತಿಳಿಯುತ್ತಾ ಹೋದಾಗ ಒಂದು ವಿಷಯ ನನ್ನನ್ನು ಹಿಡಿದು ನಿಲ್ಲಿಸಿತು. ಲಿಂಟ್‌ಬರ್ಗ್ ಸ್ವತಃ ಆ ದೇಶದಲ್ಲಿ ಆಶ್ರಯ ಪಡೆದವರು. ಆಶ್ರಯ ಪಡೆದವನು ಆಶ್ರಯ ಕೊಟ್ಟವರ ಬಾಗಿಲಿನ ಬಗ್ಗೆ ಚಿತ್ರ ಮಾಡಿದರು. ಇದು ಎಷ್ಟು ಕಷ್ಟದ ಕೆಲಸ ಎಂಬುದು ನನಗೆ ಸ್ವಲ್ಪ ಗೊತ್ತು. ಅದನ್ನು ಕೊನೆಯಲ್ಲಿ ಹೇಳುತ್ತೇನೆ.

ಲಿಂಟ್‌ಬರ್ಗ್ ಹುಟ್ಟಿದ್ದು 1902ರ ಜೂನ್ 1ರಂದು, ಆಸ್ಟ್ರಿಯದ ರಾಜಧಾನಿ ವಿಯೆನ್ನಾದಲ್ಲಿ, ಯಹೂದಿ ಕುಟುಂಬದಲ್ಲಿ. ಹುಟ್ಟು ಹೆಸರು ಲಿಯೋಪೋಲ್ಡ್ ಲೆಂಬರ್ಗರ್. ಲಿಂಟ್‌ಬರ್ಗ್ ಎಂಬುದು ನಂತರ ಇಟ್ಟುಕೊಂಡ ಹೆಸರು. ಯೌವನದಲ್ಲೇ ನಾಟಕದ ಹುಚ್ಚು ಹಿಡಿಯಿತು. ನಟನಾಗಿ ಜರ್ಮನಿಗೆ ಹೋದರು, ಹಲವು ಊರುಗಳ ರಂಗಮಂದಿರಗಳಲ್ಲಿ ದುಡಿದರು, ಮೆಲ್ಲಮೆಲ್ಲನೆ ನಿರ್ದೇಶನಕ್ಕೆ ಹೊರಳಿದರು. ಬರ್ಲಿನ್‌ನಲ್ಲಿ ಎರ್ವಿನ್ ಪಿಸ್ಕಾಟರ್ ಎಂಬ ಹೆಸರಾಂತ ರಂಗ ನಿರ್ದೇಶಕರ ಜೊತೆ ಕೆಲಸ ಮಾಡಿದರು. ಜನರ ಬದುಕಿಗೂ ರಾಜಕೀಯಕ್ಕೂ ಸಂಬಂಧವಿಲ್ಲದ ನಾಟಕ ನಾಟಕವೇ ಅಲ್ಲ ಎಂದು ನಂಬಿದ್ದವರು ಪಿಸ್ಕಾಟರ್. ವೇದಿಕೆಯ ಮೇಲೆ ಚಲನಚಿತ್ರದ ತುಣುಕುಗಳನ್ನು ತೋರಿಸುವ ಪ್ರಯೋಗಗಳನ್ನೂ ಅವರು ಮಾಡುತ್ತಿದ್ದರು.

1933ರ ಜನವರಿಯಲ್ಲಿ ಹಿಟ್ಲರ್ ಜರ್ಮನಿಯ ಅಧಿಕಾರ ಹಿಡಿದನು. ಕೆಲವೇ ತಿಂಗಳಲ್ಲಿ ಯಹೂದಿಗಳನ್ನು ಸರಕಾರಿ ಕೆಲಸಗಳಿಂದ, ವಿಶ್ವವಿದ್ಯಾಲಯಗಳಿಂದ, ರಂಗಮಂದಿರಗಳಿಂದ ಹೊರಹಾಕಲಾಯಿತು. ನಿನ್ನೆಯವರೆಗೆ ಚಪ್ಪಾಳೆ ತಟ್ಟಿದ ಊರಿನಲ್ಲಿ ಇಂದು ಕೆಲಸವಿಲ್ಲ. ಮೂವತ್ತೊಂದು ವರ್ಷದ ಲಿಂಟ್‌ಬರ್ಗ್ ಜರ್ಮನಿ ಬಿಟ್ಟು ಸ್ವಿಟ್ಜರ್ಲೆಂಡಿನ ಜ್ಯೂರಿಕ್ ನಗರಕ್ಕೆ ಬಂದರು. ಅಲ್ಲಿ ಶೌಸ್ಪೀಲ್‌ಹೌಸ್ ಎಂಬ ರಂಗಮಂದಿರ ಅವರಿಗೆ ಕೆಲಸ ಕೊಟ್ಟಿತು.

ಆ ರಂಗಮಂದಿರದ ಕಥೆಯೇ ಒಂದು ಪುಸ್ತಕವಾಗಬಹುದು. ಜರ್ಮನಿಯಿಂದ ಓಡಿಬಂದ ನಟರು, ನಿರ್ದೇಶಕರು, ರಂಗಸಜ್ಜಿಕೆ ಮಾಡುವವರು ಒಬ್ಬೊಬ್ಬರಾಗಿ ಅಲ್ಲಿ ಸೇರಿದರು. ಮ್ಯೂನಿಕ್‌ನ ಪ್ರಖ್ಯಾತ ನಟಿ ತೆರೇಸಾ ಗೀಸೆ ಬಂದರು. ವುಲ್ಫ್‌ಗಾಂಗ್ ಲಾಂಗ್‌ಹಾಫ್ ಎಂಬ ನಟ ನಾಝಿಗಳ ಯಾತನಾ ಶಿಬಿರದಿಂದ ಬಿಡುಗಡೆಯಾಗಿ ಬಂದರು. ಮುಂದೆ ಯುದ್ಧದ ವರ್ಷಗಳಲ್ಲಿ ಜರ್ಮನ್ ಭಾಷೆಯಲ್ಲಿ ಸ್ವತಂತ್ರವಾಗಿ ಮಾತನಾಡಬಲ್ಲ ಪ್ರಮುಖ ರಂಗಮಂದಿರವಾಗಿ ಉಳಿದದ್ದು ಇದೊಂದೇ ಎನ್ನಬಹುದು.

ಹಾಗೆಂದು ಅಲ್ಲಿಯ ಬದುಕು ಸುಖವಾಗಿರಲಿಲ್ಲ. ಸ್ವಿಟ್ಜರ್ಲೆಂಡ್ ಚಿಕ್ಕ ದೇಶ. ಬಗಲಲ್ಲೇ ಹಿಟ್ಲರನ ಜರ್ಮನಿ. ತಾನು ಯಾರ ಪಕ್ಷವೂ ಅಲ್ಲ ಎಂದು ತಟಸ್ಥವಾಗಿ ಉಳಿಯುವುದೇ ಅದರ ರಕ್ಷಣೆ. ಹೀಗಾಗಿ ಬಂದವರು ಸದ್ದಿಲ್ಲದೆ ಇರಬೇಕೆಂಬುದು ಅಲ್ಲಿಯ ಅಧಿಕಾರಿಗಳ ಬಯಕೆ. ನಿರಾಶ್ರಿತರಿಗೆ ಸಾಮಾನ್ಯವಾಗಿ ಕೆಲಸ ಮಾಡುವ ಹಕ್ಕು ಇರಲಿಲ್ಲ, ಇನ್ನೊಂದು ದೇಶಕ್ಕೆ ಹೋಗುವ ದಾರಿ ಹುಡುಕಿಕೊಳ್ಳಬೇಕಿತ್ತು. ಅಲ್ಲಿಯೂ ಹಿಟ್ಲರನನ್ನು ಮೆಚ್ಚುವ ಗುಂಪುಗಳಿದ್ದವು. 1934ರ ನವೆಂಬರ್‌ನಲ್ಲಿ ಲಿಂಟ್‌ಬರ್ಗ್ 'ಪ್ರೊಫೆಸರ್ ಮಾನ್‌ಹೈಮ್' ಎಂಬ ನಾಟಕ ಆಡಿಸಿದರು. ಜರ್ಮನಿಯ ಆಸ್ಪತ್ರೆಯೊಂದರಲ್ಲಿ ಎಲ್ಲರ ಗೌರವಕ್ಕೆ ಪಾತ್ರನಾದ ಶಸ್ತ್ರಚಿಕಿತ್ಸಕನೊಬ್ಬ, ಯಹೂದಿ ಎಂಬ ಒಂದೇ ಕಾರಣಕ್ಕೆ ಹೊರಗೆ ತಳ್ಳಲ್ಪಡುವ ಕಥೆ. ಆ ಗುಂಪುಗಳು ಗಲಾಟೆಗೆ ಇಳಿದವು, ಪೊಲೀಸ್ ಕಾವಲಿನಲ್ಲಿ ನಾಟಕ ನಡೆಯಿತು.

ಇನ್ನು ಸಿನಿಮಾಕ್ಕೆ ಬರೋಣ. ಸ್ವಿಟ್ಜರ್ಲೆಂಡಿನಲ್ಲಿ ಬರ್ಲಿನ್ ಅಥವಾ ಹಾಲಿವುಡ್‌ನಂತಹ ದೊಡ್ಡ ಸ್ಟುಡಿಯೋಗಳು ಇರಲಿಲ್ಲ. 1924ರಲ್ಲಿ ಜ್ಯೂರಿಕ್‌ನಲ್ಲಿ ಪ್ರೆಸೆನ್ಸ್ ಫಿಲ್ಮ್ ಎಂಬ ಚಿಕ್ಕ ಸಂಸ್ಥೆ ಹುಟ್ಟಿತ್ತು. ಅದನ್ನು ಕಟ್ಟಿದವರಲ್ಲಿ ಒಬ್ಬರು ವಿಮಾನ ಹಾರಿಸುವ ವಾಲ್ಟರ್ ಮಿಟೆಲ್‌ಹೋಲ್ಜರ್, ಇನ್ನೊಬ್ಬರು ಎಂಜಿನಿಯರ್ ಲಾಜರ್ ವೆಕ್ಸ್‌ಲರ್. ವೆಕ್ಸ್‌ಲರ್ ಪೋಲೆಂಡಿನಲ್ಲಿ ಹುಟ್ಟಿದ ಯಹೂದಿ. ಈ ಸಂಸ್ಥೆಗೆ ಚಿತ್ರಕಥೆ ಬರೆಯುತ್ತಿದ್ದವರು ಜ್ಯೂರಿಕ್‌ನವರೇ ಆದ ರಿಚರ್ಡ್ ಶ್ವೈಟ್ಸರ್. ಪೋಲೆಂಡಿನಿಂದ ಬಂದ ನಿರ್ಮಾಪಕ, ವಿಯೆನ್ನಾದಿಂದ ಬಂದ ನಿರ್ದೇಶಕ, ಊರಿನವನಾದ ಲೇಖಕ. ಸ್ವಿಸ್ ಸಿನಿಮಾಕ್ಕೆ ಜಗತ್ತಿನಲ್ಲಿ ಹೆಸರು ತಂದದ್ದು ಈ ಮೂವರ ಕೂಟ.

1938ರಲ್ಲಿ ಹರ್ಮನ್ ಹಾಲರ್ ಅವರ ಜೊತೆ ಸೇರಿ ಲಿಂಟ್‌ಬರ್ಗ್ 'ಫ್ಯೂಸಿಲಿಯರ್ ವಿಪ್ಫ್' ಚಿತ್ರ ಮಾಡಿದರು. ಕ್ಷೌರದಂಗಡಿಯಲ್ಲಿ ಕೆಲಸಕ್ಕಿದ್ದ ಹುಡುಗನೊಬ್ಬ ಮೊದಲ ಮಹಾಯುದ್ಧದ ಕಾಲದಲ್ಲಿ ಗಡಿ ಕಾಯುವ ಸೈನಿಕನಾಗಿ ಪ್ರೌಢನಾಗುವ ಕಥೆ. ಅದೇ ವರ್ಷ ಹಿಟ್ಲರ್ ಆಸ್ಟ್ರಿಯವನ್ನು ನುಂಗಿದ್ದನು. ಮುಂದಿನ ಸರದಿ ನಮ್ಮದೇನೋ ಎಂದು ಅಂಜಿದ್ದ ಸ್ವಿಸ್ ಜನ ಈ ಚಿತ್ರವನ್ನು ಮುಗಿಬಿದ್ದು ನೋಡಿದರು. ತಮ್ಮ ಆಡುಮಾತಿನಲ್ಲಿ, ತಮ್ಮ ಬೆಟ್ಟಗಳ ನಡುವೆ, ತಮ್ಮ ದೇಶವನ್ನು ಉಳಿಸಿಕೊಳ್ಳುವ ಛಲವನ್ನು ಅವರು ಅದರಲ್ಲಿ ಕಂಡರು. ಆ ಆಡುಮಾತು ಹುಟ್ಟಿನಿಂದ ಬಾರದ, ಹುಟ್ಟಿದ ಊರನ್ನೇ ಕಳೆದುಕೊಂಡ ಒಬ್ಬ ಪರದೇಶಿ ಆ ದೇಶಕ್ಕೆ ದೇಶಪ್ರೇಮದ ಚಿತ್ರ ಮಾಡಿಕೊಟ್ಟಿದ್ದರು.

1939ರಲ್ಲಿ ಫ್ರೆಡ್ರಿಕ್ ಗ್ಲೌಸರ್ ಅವರ ಪತ್ತೇದಾರಿ ಕಾದಂಬರಿಯನ್ನು ಆಧರಿಸಿ 'ವಾಖ್ಟ್‌ಮೈಸ್ಟರ್ ಸ್ಟೂಡರ್' ಬಂತು. 1941ರಲ್ಲಿ 'ಲಾಂಡಮಾನ್ ಸ್ಟೌಫಾಖರ್' ಬಂತು. 1315ರಲ್ಲಿ ಮೊರ್‌ಗಾರ್ಟನ್ ಎಂಬಲ್ಲಿ ಬಲಾಢ್ಯ ಹಾಬ್ಸ್‌ಬರ್ಗ್ ದೊರೆಗಳಿಗೆ ಬಗ್ಗದೆ ನಿಂತ ಬೆಟ್ಟದ ಜನರ ಮುಖಂಡನ ಕಥೆ ಅದು. ಆ ಹೊತ್ತಿಗೆ ಸ್ವಿಟ್ಜರ್ಲೆಂಡಿನ ನಾಲ್ಕೂ ದಿಕ್ಕಿನಲ್ಲಿ ಹಿಟ್ಲರ್ ಮತ್ತು ಮುಸೊಲಿನಿಯ ಸೈನ್ಯಗಳ ಹಿಡಿತವಿತ್ತು. ಹಳೆಯ ಕಥೆಯ ಅರ್ಥ ಯಾರಿಗೂ ಬಿಡಿಸಿ ಹೇಳಬೇಕಾಗಿರಲಿಲ್ಲ.

ಅದೇ 1941ರ ಏಪ್ರಿಲ್ 19ರಂದು ಲಿಂಟ್‌ಬರ್ಗ್ ರಂಗಮಂದಿರದಲ್ಲಿ ಇನ್ನೊಂದು ದೊಡ್ಡ ಕೆಲಸ ಮಾಡಿದರು. ಬರ್ಟೋಲ್ಟ್ ಬ್ರೆಕ್ಟ್ ದೇಶಭ್ರಷ್ಟರಾಗಿದ್ದಾಗ ಬರೆದ 'ಮದರ್ ಕರೇಜ್' ನಾಟಕವನ್ನು ಜಗತ್ತಿನಲ್ಲೇ ಮೊದಲ ಬಾರಿಗೆ ವೇದಿಕೆಗೆ ತಂದರು. ಯುದ್ಧದಲ್ಲಿ ವ್ಯಾಪಾರ ಮಾಡಲು ಹೋಗಿ ತನ್ನ ಮಕ್ಕಳನ್ನು ಒಬ್ಬೊಬ್ಬರಾಗಿ ಕಳೆದುಕೊಳ್ಳುವ ತಾಯಿಯ ಪಾತ್ರವನ್ನು ತೆರೇಸಾ ಗೀಸೆ ಮಾಡಿದರು. ಇಂದು ಜಗತ್ತಿನ ಎಲ್ಲ ಕಡೆ ಆಡುವ ಈ ನಾಟಕದ ಮೊದಲ ಪರದೆ ಎದ್ದದ್ದು ನಿರಾಶ್ರಿತರ ಕೈಯಿಂದ.

ಇಷ್ಟು ಹೊತ್ತಿಗೆ ಹೊರಗಡೆ ಏನಾಗುತ್ತಿತ್ತು ಎಂಬುದನ್ನೂ ಹೇಳಬೇಕು. ಇಲ್ಲದಿದ್ದರೆ ಅವರ ಮುಂದಿನ ಚಿತ್ರಗಳ ಬೆಲೆ ನಮಗೆ ತಿಳಿಯುವುದಿಲ್ಲ.

1938ರಲ್ಲಿ ಸ್ವಿಟ್ಜರ್ಲೆಂಡ್ ಮತ್ತು ಜರ್ಮನಿಯ ನಡುವೆ ನಡೆದ ಮಾತುಕತೆಯ ನಂತರ ಜರ್ಮನ್ ಯಹೂದಿಗಳ ಪಾಸ್‌ಪೋರ್ಟಿನ ಮೇಲೆ ಜೆ ಎಂಬ ಅಕ್ಷರವನ್ನು ಒತ್ತುವುದು ಶುರುವಾಯಿತು. ಗಡಿಯಲ್ಲಿ ಪಾಸ್‌ಪೋರ್ಟ್ ತೆರೆದ ಕೂಡಲೇ ಯಾರನ್ನು ತಡೆಯಬೇಕು ಎಂದು ಕಾವಲುಗಾರನಿಗೆ ಗೊತ್ತಾಗುತ್ತಿತ್ತು. 1942ರ ಆಗಸ್ಟ್‌ನಲ್ಲಿ ಗಡಿಯನ್ನೇ ಮುಚ್ಚುವ ಆದೇಶ ಹೊರಟಿತು. ಜನಾಂಗದ ಕಾರಣಕ್ಕೆ ಮಾತ್ರ ಓಡಿಬಂದವರನ್ನು ರಾಜಕೀಯ ನಿರಾಶ್ರಿತರೆಂದು ಪರಿಗಣಿಸುವುದಿಲ್ಲ ಎಂಬುದು ಅದರ ಸಾರ. ಒಬ್ಬ ಮಂತ್ರಿ ತನ್ನ ದೇಶವನ್ನು ಆಗಲೇ ತುಂಬಿಹೋದ ದೋಣಿಗೆ ಹೋಲಿಸಿದರು. ಹತ್ತಿಸಿಕೊಳ್ಳಲು ಇನ್ನು ಜಾಗವಿಲ್ಲ ಎಂದು.

ಎಲ್ಲರೂ ಹಾಗೆ ಯೋಚಿಸಲಿಲ್ಲ. ಜನರ ನಡುವೆ ದೊಡ್ಡ ಪ್ರತಿಭಟನೆ ಎದ್ದಿತು. ಅದಕ್ಕೂ ಮೊದಲು, ಸೇಂಟ್ ಗ್ಯಾಲನ್ ಪ್ರಾಂತದ ಪೊಲೀಸ್ ಅಧಿಕಾರಿ ಪೌಲ್ ಗ್ರೂನಿಂಗರ್ ಓಡಿಬಂದವರು ಗಡಿ ದಾಟಿದ ದಿನಾಂಕವನ್ನು ಹಿಂದಕ್ಕೆ ಬರೆದು, ನೂರಾರು ಜನರಿಗೆ ಒಳಗೆ ಬರುವ ದಾರಿ ಮಾಡಿಕೊಟ್ಟಿದ್ದರು. ಅದಕ್ಕಾಗಿ 1939ರಲ್ಲಿ ಅವರ ಕೆಲಸ ಹೋಯಿತು, 1940ರಲ್ಲಿ ನ್ಯಾಯಾಲಯ ಅವರನ್ನು ಅಪರಾಧಿ ಎಂದಿತು. 1972ರಲ್ಲಿ ಬಡತನದಲ್ಲೇ ತೀರಿಕೊಂಡರು. ಅವರು ತಪ್ಪಿತಸ್ಥರಲ್ಲ ಎಂದು ನ್ಯಾಯಾಲಯ ಒಪ್ಪಿಕೊಂಡದ್ದು 1995ರಲ್ಲಿ.

ಇಂತಹ ವಾತಾವರಣದಲ್ಲಿ 1944ರಲ್ಲಿ ಲಿಂಟ್‌ಬರ್ಗ್ ಅವರ 'ಮರಿ ಲೂಯಿಸ್' ಬಂತು. ಬಾಂಬ್ ದಾಳಿಗೆ ಸಿಕ್ಕಿದ ಫ್ರಾನ್ಸಿನ ರೂಆನ್ ಊರಿನ ಹುಡುಗಿಯೊಬ್ಬಳು ರೆಡ್‌ಕ್ರಾಸ್ ಮೂಲಕ ಮೂರು ತಿಂಗಳ ವಿಶ್ರಾಂತಿಗೆಂದು ಸ್ವಿಟ್ಜರ್ಲೆಂಡಿಗೆ ಬರುತ್ತಾಳೆ. ಅಲ್ಲಿ ಹೊಟ್ಟೆ ತುಂಬ ಊಟವಿದೆ, ರಾತ್ರಿ ನಿದ್ದೆಯಿದೆ, ಪ್ರೀತಿಸುವ ಜನರಿದ್ದಾರೆ. ಮೂರು ತಿಂಗಳು ಮುಗಿದ ಮೇಲೆ ಮತ್ತೆ ಯುದ್ಧದೊಳಕ್ಕೆ ಹಿಂತಿರುಗಬೇಕು. ಮಗುವಿಗೆ ಕೊಟ್ಟ ಸುಖಕ್ಕೂ ದಿನ ಎಣಿಸುವ ನಿಯಮವಿದೆ. ಅಮೆರಿಕದಲ್ಲಿ ಈ ಚಿತ್ರ ಜನರ ಮನಸ್ಸು ಗೆದ್ದಿತು. ರಿಚರ್ಡ್ ಶ್ವೈಟ್ಸರ್ ಅವರ ಚಿತ್ರಕಥೆಗೆ ಆಸ್ಕರ್ ಬಂತು. ಇಂಗ್ಲಿಷ್ ಅಲ್ಲದ ಭಾಷೆಯ ಚಿತ್ರವೊಂದಕ್ಕೆ ಬರವಣಿಗೆಯ ಆಸ್ಕರ್ ಸಿಕ್ಕಿದ್ದು ಅದೇ ಮೊದಲು.

ನಂತರ 'ದ ಲಾಸ್ಟ್ ಚಾನ್ಸ್'. 1943ರ ಸೆಪ್ಟೆಂಬರ್‌ನಲ್ಲಿ ಇಟಲಿ ಮಿತ್ರರಾಷ್ಟ್ರಗಳಿಗೆ ಶರಣಾಯಿತು. ಕೂಡಲೇ ಜರ್ಮನ್ ಸೈನ್ಯ ಉತ್ತರ ಇಟಲಿಯನ್ನು ಆಕ್ರಮಿಸಿತು. ಕೈದಿಗಳನ್ನು ಸಾಗಿಸುತ್ತಿದ್ದ ರೈಲಿನಿಂದ ಒಬ್ಬ ಇಂಗ್ಲಿಷ್ ಸೈನಿಕ ಮತ್ತು ಒಬ್ಬ ಅಮೆರಿಕನ್ ಸೈನಿಕ ತಪ್ಪಿಸಿಕೊಳ್ಳುತ್ತಾರೆ. ಬೆಟ್ಟದ ಹಳ್ಳಿಯೊಂದರಲ್ಲಿ ಪಾದ್ರಿಯೊಬ್ಬರು ಅವರಿಗೆ ನೆರವಾಗುತ್ತಾರೆ. ಅಲ್ಲಿ ನಾನಾ ದೇಶಗಳಿಂದ ಓಡಿಬಂದ ಜನ ಅಡಗಿದ್ದಾರೆ. ಸೈನಿಕರಿಬ್ಬರೇ ಆಗಿದ್ದರೆ ಬೇಗನೆ ಗಡಿ ದಾಟಬಹುದು. ಆದರೆ ಈ ಮುದುಕರನ್ನು, ಮಕ್ಕಳನ್ನು ಬಿಟ್ಟುಹೋಗುವುದು ಹೇಗೆ? ಅವರನ್ನು ಕರೆದುಕೊಂಡೇ ಹಿಮದ ಬೆಟ್ಟ ಹತ್ತುತ್ತಾರೆ. ಚಿತ್ರದ ಬಹುಭಾಗ ಈ ನಡಿಗೆಯೇ.

ಈ ಚಿತ್ರದಲ್ಲಿ ನನಗೆ ಮೊದಲು ಹಿಡಿಸಿದ್ದು ಭಾಷೆ. ಇಂಗ್ಲಿಷಿನವನು ಇಂಗ್ಲಿಷಿನಲ್ಲಿ, ಇಟಲಿಯವಳು ಇಟಾಲಿಯನ್ನಿನಲ್ಲಿ, ಉಳಿದವರು ಜರ್ಮನ್, ಫ್ರೆಂಚ್, ಯಿಡ್ಡಿಷ್ ಹೀಗೆ ತಮ್ಮ ತಮ್ಮ ಮಾತಿನಲ್ಲೇ ಮಾತನಾಡುತ್ತಾರೆ. ಎಲ್ಲರ ಬಾಯಲ್ಲಿಯೂ ಒಂದೇ ಭಾಷೆ ಹಾಕುವ ಸಿನಿಮಾದ ಸುಲಭ ದಾರಿ ಇಲ್ಲಿಲ್ಲ. ಒಬ್ಬರ ಮಾತು ಇನ್ನೊಬ್ಬರಿಗೆ ಪೂರ್ತಿ ತಿಳಿಯುವುದಿಲ್ಲ. ಕೈಸನ್ನೆ, ಮುಖಭಾವ, ಅರ್ಧಂಬರ್ಧ ಪದಗಳಿಂದಲೇ ಒಬ್ಬರನ್ನೊಬ್ಬರು ಅರಿತುಕೊಳ್ಳುತ್ತಾರೆ. ಬ್ಯಾರಿ, ತುಳು, ಉರ್ದು, ಕೊಂಕಣಿ, ಕನ್ನಡ ಎಲ್ಲವೂ ಒಂದೇ ಬೆಂಚಿನಲ್ಲಿ ಕೂರುವ ನಮ್ಮ ತರಗತಿಯವರಿಗೆ ಇದೇನು ಹೊಸದಲ್ಲ.

ಇನ್ನೊಂದು ವಿಶೇಷವಿದೆ. ಸೈನಿಕರ ಪಾತ್ರ ಮಾಡಿದವರು ವೃತ್ತಿ ನಟರಲ್ಲ. ಜಾನ್ ಹೋಯ್, ಇ. ಜಿ. ಮಾರಿಸನ್, ರೇ ರೀಗನ್ ಮೂವರೂ ಯುದ್ಧದಿಂದ ತಪ್ಪಿಸಿಕೊಂಡು ಸ್ವಿಟ್ಜರ್ಲೆಂಡ್ ಸೇರಿದ್ದ ನಿಜವಾದ ಸೈನಿಕರು. ತೆರೇಸಾ ಗೀಸೆಯಂತೆ ಜೀವ ಉಳಿಸಿಕೊಳ್ಳಲು ದೇಶ ಬಿಟ್ಟವರೂ ಪಾತ್ರ ಮಾಡಿದರು. ತಾವು ಅನುಭವಿಸಿದ್ದನ್ನೇ ಕ್ಯಾಮೆರಾದ ಮುಂದೆ ಮತ್ತೊಮ್ಮೆ ನಡೆದರು.

ಚಿತ್ರೀಕರಣ ನಡೆಯುವಾಗ ಯುದ್ಧ ಇನ್ನೂ ಮುಗಿದಿರಲಿಲ್ಲ. ತಟಸ್ಥ ದೇಶದ ಅಧಿಕಾರಿಗಳಿಗೆ ಈ ಕಥೆ ಇಷ್ಟವಾಗಿರಲಿಲ್ಲ. ಒಂದೆಡೆ ಜರ್ಮನಿ ಸಿಟ್ಟಾಗಬಹುದೆಂಬ ಅಂಜಿಕೆ, ಇನ್ನೊಂದೆಡೆ ತಮ್ಮದೇ ಗಡಿ ನೀತಿಯನ್ನು ತೆರೆಯ ಮೇಲೆ ನೋಡುವ ಮುಜುಗರ. ಸೈನ್ಯದ ಕಡೆಯಿಂದ, ಸರಕಾರದ ಕಡೆಯಿಂದ ಅಡ್ಡಿಗಳು ಬಂದವು. ವೆಕ್ಸ್‌ಲರ್ ಮತ್ತು ಲಿಂಟ್‌ಬರ್ಗ್ ಹಿಂದೆ ಸರಿಯಲಿಲ್ಲ. ಯುರೋಪಿನಲ್ಲಿ ಯುದ್ಧ ಮುಗಿದ 1945ರ ಮೇ ತಿಂಗಳಲ್ಲೇ ಚಿತ್ರ ಜ್ಯೂರಿಕ್‌ನಲ್ಲಿ ತೆರೆ ಕಂಡಿತು.

ಚಿತ್ರದ ಕೊನೆ ಹೀಗಿದೆ. ಗಡಿಯ ಹತ್ತಿರ ಕಾವಲು ಪಡೆ ಎದುರಾಗುತ್ತದೆ. ಉಳಿದವರು ದಾಟಲಿ ಎಂದು ಒಬ್ಬ ತರುಣ ಶತ್ರುಗಳ ಗುಂಡನ್ನು ತನ್ನ ಕಡೆಗೆ ಸೆಳೆದು ಪ್ರಾಣ ಕೊಡುತ್ತಾನೆ. ಅವನ ತಾಯಿಯ ಪಾತ್ರದಲ್ಲಿ ತೆರೇಸಾ ಗೀಸೆ ಇದ್ದಾರೆ. ಸ್ವಿಸ್ ನೆಲ ಮುಟ್ಟಿದ ಮೇಲೂ ಕಷ್ಟ ಮುಗಿಯುವುದಿಲ್ಲ. ಇವರೆಲ್ಲರನ್ನೂ ಒಳಗೆ ಬಿಡಬಹುದೇ ಎಂಬ ಪ್ರಶ್ನೆ ಏಳುತ್ತದೆ. ಮೇಲಿನವರನ್ನು ಕೇಳಬೇಕು, ಉತ್ತರಕ್ಕೆ ಕಾಯಬೇಕು. ಕೊನೆಗೆ ಬಾಗಿಲು ತೆರೆಯುತ್ತದೆ. ಇಂಗ್ಲಿಷ್ ಸೈನಿಕ ಮಾತ್ರ ಗಾಯದಿಂದ ತೀರಿಕೊಳ್ಳುತ್ತಾನೆ.

ಮರುವರ್ಷ ಕಾನ್‌ನಲ್ಲಿ ಈ ಚಿತ್ರಕ್ಕೂ ನಮ್ಮ 'ನೀಚಾ ನಗರ್'ಗೂ ಒಂದೇ ಪ್ರಶಸ್ತಿ ಬಂತು. ಒಂದರಲ್ಲಿ ಶ್ರೀಮಂತ ಜಮೀನ್ದಾರ ತನ್ನ ಕಡೆಯ ಕೊಳಚೆ ನೀರನ್ನು ಬಡವರ ಕೇರಿಗೆ ಹರಿಸುತ್ತಾನೆ. ಇನ್ನೊಂದರಲ್ಲಿ ಮನೆ ಕಳೆದುಕೊಂಡವರು ಹಿಮದಲ್ಲಿ ನಡೆಯುತ್ತಾರೆ. ದೇಶ ಬೇರೆ, ಭಾಷೆ ಬೇರೆ. ಎರಡೂ ಚಿತ್ರಗಳಲ್ಲಿ ಗಟ್ಟಿಯಾಗಿ ಕೇಳುವುದು ಬಲವಿಲ್ಲದವರ ದನಿ.

ಈಗ ಕಷ್ಟದ ಪ್ರಶ್ನೆಗೆ ಬರುತ್ತೇನೆ. ಈ ಚಿತ್ರ ನಿಜ ಹೇಳಿತೇ?

ಯುದ್ಧದ ವರ್ಷಗಳಲ್ಲಿ ಸ್ವಿಟ್ಜರ್ಲೆಂಡ್ ಸುಮಾರು 51,000 ನಾಗರಿಕ ನಿರಾಶ್ರಿತರಿಗೆ ಆಶ್ರಯ ಕೊಟ್ಟಿತು. ಅದು ಸಣ್ಣ ಸಂಗತಿಯಲ್ಲ. ಆದರೆ 1996ರಲ್ಲಿ ಇತಿಹಾಸಕಾರ ಬೆರ್ಜಿಯೆ ಅವರ ನೇತೃತ್ವದಲ್ಲಿ ನೇಮಕವಾದ ಆಯೋಗ 2002ರಲ್ಲಿ ತನ್ನ ಅಂತಿಮ ವರದಿ ಕೊಟ್ಟಿತು. ಗಡಿಯಿಂದ ಹಿಂದಕ್ಕೆ ಕಳುಹಿಸಿದವರ ಲೆಕ್ಕವೂ 20,000ಕ್ಕಿಂತ ಹೆಚ್ಚು ಎಂದು ಅದು ತಿಳಿಸಿತು. ಅದಕ್ಕೆ ಮೊದಲೇ, 1995ರಲ್ಲಿ ಆ ದೇಶದ ಅಧ್ಯಕ್ಷ ಕಾಸ್ಪರ್ ವಿಲಿಗರ್ ಅಂದಿನ ನೀತಿಗಾಗಿ ಕ್ಷಮೆ ಕೇಳಿದ್ದರು. ಅಂದರೆ ಲಿಂಟ್‌ಬರ್ಗ್ ಅವರ ಚಿತ್ರದಲ್ಲಿ ತೆರೆದ ಬಾಗಿಲು ಎಷ್ಟೋ ಜನರಿಗೆ ತೆರೆದಿರಲಿಲ್ಲ. ಚಿತ್ರ ನೋಡಿದ ಜಗತ್ತು ಸ್ವಿಟ್ಜರ್ಲೆಂಡ್ ಎಂದರೆ ಎಲ್ಲರನ್ನೂ ಕಾಪಾಡಿದ ದೇಶ ಎಂದು ತಿಳಿದುಕೊಂಡಿತು. ದೇಶಕ್ಕೆ ಇದರಿಂದ ಒಳ್ಳೆಯ ಹೆಸರು ಬಂತು. ಇದು ಈ ಚಿತ್ರದ ಮೇಲಿರುವ ದೊಡ್ಡ ಆಕ್ಷೇಪ. ಮೊದಲು ಓದಿದಾಗ ನನಗೂ ಬೇಸರವಾಯಿತು.

ನಾನು ಆರನೆಯ ತರಗತಿಯಲ್ಲಿದ್ದಾಗ, 2019ರ ಆಗಸ್ಟ್ ಮಳೆಗೆ ನಮ್ಮ ಮನೆಯೊಳಗೆ ಹೊಳೆ ನೀರು ನುಗ್ಗಿತು. ಗುಡ್ಡದ ಮೇಲಿನ ಒಂದು ಮನೆಯವರು ನಮ್ಮನ್ನು ಹನ್ನೊಂದು ದಿನ ಇಟ್ಟುಕೊಂಡರು. ನಮ್ಮ ಮತದವರಲ್ಲ, ನೆಂಟರಲ್ಲ, ಬರೀ ಮುಖಪರಿಚಯ. ಅಲ್ಲಿ ಒಂದು ದಿನ ಸಾರಿಗೆ ಉಪ್ಪು ಹೆಚ್ಚಾಗಿದೆ ಎಂದು ನಾನು ಮುಖ ಸಿಂಡರಿಸಿದೆ. ಉಮ್ಮ ನನ್ನನ್ನು ಹಿತ್ತಲಿಗೆ ಕರೆದೊಯ್ದು, ಉಂಡ ಮನೆಯ ಜಂತಿ ಎಣಿಸಬಾರದು ಎಂದು ಬುದ್ಧಿ ಹೇಳಿದರು. ಆ ಗಾದೆ ನಾನು ಕೇಳಿದ್ದು ಅದೇ ಮೊದಲು. ಬಂದವನಿಗೆ ದೂರುವ ಹಕ್ಕಿಲ್ಲ ಎಂಬುದು ಆ ಹನ್ನೊಂದು ದಿನಗಳಲ್ಲಿ ನನಗೆ ಚೆನ್ನಾಗಿ ಅರ್ಥವಾಯಿತು. ಜೋರಾಗಿ ನಗಲೂ ಹಿಂಜರಿಯುತ್ತಿದ್ದೆ.

ಲಿಂಟ್‌ಬರ್ಗ್ ಹಾಗೆ ಇದ್ದದ್ದು ಹನ್ನೊಂದು ದಿನವಲ್ಲ, ಹನ್ನೆರಡು ವರ್ಷ. ಅವರನ್ನು ಉಳಿಸಿದ್ದು ಅದೇ ದೇಶ. ಅವರಂತಹ ಸಾವಿರಾರು ಜನರನ್ನು ಹಿಂದಕ್ಕೆ ಕಳುಹಿಸಿದ್ದೂ ಅದೇ ದೇಶ. ಅವರು ಏನು ಮಾಡಬಹುದಿತ್ತು? ಸುಮ್ಮನಿರಬಹುದಿತ್ತು. ಅವರು ಸುಮ್ಮನಿರಲಿಲ್ಲ. ಗಡಿಯಲ್ಲಿ ಆ ಜನ ಕಾಯುವ ದೃಶ್ಯವನ್ನು ಇಟ್ಟರು. ಬಾಗಿಲು ತಾನಾಗಿ ತೆರೆಯುತ್ತಿರಲಿಲ್ಲ, ಕಾಯಬೇಕಿತ್ತು, ಬೇಡಬೇಕಿತ್ತು ಎಂಬುದನ್ನು ಮರೆಮಾಚಲಿಲ್ಲ. ಆಮೇಲೆ ಬಾಗಿಲನ್ನು ತೆರೆದು ತೋರಿಸಿದರು. ನೀವು ಹೀಗೆ ಮಾಡಿದಿರಿ ಎಂದು ಹೊಗಳಿದಂತೆ ಅದು ಕಾಣುತ್ತದೆ. ನೀವು ಮಾಡಬೇಕಾದದ್ದು ಇದು ಎಂದು ತಿಳಿಸಿದಂತೆ ನನಗೆ ಕೇಳುತ್ತದೆ.

ಇಸ್ಲಾಮಿನ ಮೊದಲ ಹಿಜ್ರಾದ ಕಥೆ ನಾವೆಲ್ಲ ಮದ್ರಸದಲ್ಲಿ ಕಲಿತಿದ್ದೇವೆ. ಮಕ್ಕಾದ ಹಿಂಸೆ ತಾಳಲಾರದೆ ಪ್ರವಾದಿ(ಸ)ರ ಅನುಯಾಯಿಗಳು ಅಬಿಸೀನಿಯಕ್ಕೆ ಹೋದಾಗ ಕ್ರೈಸ್ತ ದೊರೆ ನಜ್ಜಾಶಿ ಆಶ್ರಯ ಕೊಟ್ಟರು. ಅವರನ್ನು ಹಿಂದಕ್ಕೆ ಒಪ್ಪಿಸಿ ಎಂದು ಕುರೈಶರ ದೂತರು ಉಡುಗೊರೆ ಹಿಡಿದು ಬಂದರು. ಆಗ ದೊರೆಯ ಎದುರು ನಿಂತು ಮಾತನಾಡಿದವರು ಜಅಫರ್ ಬಿನ್ ಅಬೂತಾಲಿಬ್(ರ). ಈಸಾ(ಅ)ರ ಬಗ್ಗೆ ನಿಮ್ಮ ನಂಬಿಕೆ ಏನು ಎಂದು ಕೇಳಿದಾಗ, ಉತ್ತರ ದೊರೆಗೆ ಹಿಡಿಸದಿದ್ದರೆ ಆಶ್ರಯವೇ ಹೋಗುವ ಅಪಾಯವಿತ್ತು. ಅವರು ನಿಜವನ್ನೇ ಹೇಳಿದರು, ವಿನಯದಿಂದ ಹೇಳಿದರು. ಅತಿಥಿಗೂ ನಿಜ ಹೇಳುವ ದಾರಿಯಿದೆ ಎಂಬುದಕ್ಕೆ ನಮಗೆ ಅದಕ್ಕಿಂತ ದೊಡ್ಡ ಉದಾಹರಣೆ ಬೇಕಿಲ್ಲ.

ಜಂತಿ ಎಣಿಸುವ ಕೆಲಸ ಮಾತ್ರ ಮನೆಮಕ್ಕಳದು. ಅದೂ ಆಯಿತು. 1981ರಲ್ಲಿ ಸ್ವಿಟ್ಜರ್ಲೆಂಡಿನಲ್ಲೇ ಹುಟ್ಟಿದ ಮಾರ್ಕುಸ್ ಇಮ್‌ಹೂಫ್ 'ದೋಣಿ ತುಂಬಿದೆ' ಎಂಬ ಅರ್ಥದ ಹೆಸರಿನ ಚಿತ್ರ ಮಾಡಿದರು. ಅದರಲ್ಲಿ ಗಡಿ ದಾಟಿ ಬಂದವರನ್ನು ಮತ್ತೆ ಗಡಿಗೆ ಕರೆದೊಯ್ದು ಹೊರಗೆ ಬಿಡಲಾಗುತ್ತದೆ. ಬರ್ಲಿನ್‌ನಲ್ಲಿ ಅದಕ್ಕೆ ಪ್ರಶಸ್ತಿ ಬಂತು, ಆಸ್ಕರ್‌ಗೂ ನಾಮನಿರ್ದೇಶನವಾಯಿತು. ಬಾಗಿಲು ಹೇಗಿರಬೇಕಿತ್ತು ಎಂದು ಅತಿಥಿ ತೋರಿಸಿದರು. ಹೇಗಿತ್ತು ಎಂದು ಮನೆಮಗ ತೋರಿಸಿದರು. ಎರಡನ್ನೂ ಒಟ್ಟಿಗೆ ನೋಡಿದರೆ ಚಿತ್ರ ಪೂರ್ತಿಯಾಗುತ್ತದೆ.

ಲಿಂಟ್‌ಬರ್ಗ್ ಅವರ ಉಳಿದ ಬದುಕನ್ನು ಚುಟುಕಾಗಿ ಹೇಳುತ್ತೇನೆ. 1951ರಲ್ಲಿ ಅವರ 'ಫೋರ್ ಇನ್ ಎ ಜೀಪ್' ಬಂತು. ಯುದ್ಧಾನಂತರದ ವಿಯೆನ್ನಾವನ್ನು ಅಮೆರಿಕ, ರಷ್ಯಾ, ಬ್ರಿಟನ್, ಫ್ರಾನ್ಸ್ ನಾಲ್ವರೂ ಹಂಚಿಕೊಂಡು ಆಳುತ್ತಿದ್ದ ಕಾಲ. ಒಂದೇ ಜೀಪಿನಲ್ಲಿ ನಾಲ್ಕು ದೇಶದ ಸೈನಿಕರು ಗಸ್ತು ತಿರುಗುತ್ತಾರೆ. ತಾನು ಹುಟ್ಟಿದ ಊರಿನ ಹಾಳುಬಿದ್ದ ಬೀದಿಗಳನ್ನು ಲಿಂಟ್‌ಬರ್ಗ್ ಆ ಚಿತ್ರದಲ್ಲಿ ತೋರಿಸಿದರು. ಅದೇ ವರ್ಷ ಮೊದಲ ಬಾರಿಗೆ ನಡೆದ ಬರ್ಲಿನ್ ಚಿತ್ರೋತ್ಸವದಲ್ಲಿ ಅದಕ್ಕೆ ಚಿನ್ನದ ಕರಡಿ ಪ್ರಶಸ್ತಿ ಸಿಕ್ಕಿತು. ಹದಿನೆಂಟು ವರ್ಷದ ಹಿಂದೆ ಯಾವ ದೇಶ ಅವರಿಗೆ ಕೆಲಸವಿಲ್ಲ ಎಂದಿತ್ತೋ, ಅದೇ ದೇಶದ ನಗರವೊಂದರಿಂದ ಬಂದ ಗೌರವ ಅದು.

1953ರಲ್ಲಿ 'ದ ವಿಲೇಜ್' ಬಂತು. ಸ್ವಿಟ್ಜರ್ಲೆಂಡಿನ ಟ್ರೋಗನ್ ಎಂಬಲ್ಲಿ ಯುದ್ಧದಲ್ಲಿ ಅನಾಥರಾದ ಬೇರೆ ಬೇರೆ ದೇಶದ ಮಕ್ಕಳಿಗಾಗಿ ಕಟ್ಟಿದ ಪೆಸ್ಟಲೋಜ್ಜಿ ಮಕ್ಕಳ ಗ್ರಾಮದ ಕಥೆ. ಶತ್ರು ದೇಶಗಳ ಮಕ್ಕಳು ಅಲ್ಲಿ ಅಕ್ಕಪಕ್ಕದ ಮನೆಗಳಲ್ಲಿ ಬೆಳೆದರು. ಆಮೇಲೆ ಲಿಂಟ್‌ಬರ್ಗ್ ಹೆಚ್ಚಾಗಿ ರಂಗಭೂಮಿಗೇ ಮರಳಿದರು. ವಿಯೆನ್ನಾದ ಬುರ್ಗ್‌ಥಿಯೇಟರಿನಲ್ಲಿ, ಸಾಲ್ಜ್‌ಬರ್ಗ್ ಉತ್ಸವದಲ್ಲಿ ನಾಟಕಗಳನ್ನು ಆಡಿಸಿದರು. 1965ರಿಂದ 1968ರವರೆಗೆ ಜ್ಯೂರಿಕ್‌ನ ಅದೇ ಶೌಸ್ಪೀಲ್‌ಹೌಸ್‌ಗೆ ನಿರ್ದೇಶಕರಾದರು. ನಿರಾಶ್ರಿತನಾಗಿ ಕಾಲಿಟ್ಟ ಮನೆಗೆ ಯಜಮಾನರಾದರು. 1984ರ ಏಪ್ರಿಲ್ 18ರಂದು ಸ್ವಿಸ್ ಬೆಟ್ಟಗಳ ನಡುವಿನ ಸಿಲ್ಸ್ ಎಂಬ ಊರಿನಲ್ಲಿ ತೀರಿಕೊಂಡರು.

ಅವರ ಹೆಸರು ನಮ್ಮ ಯಾವ ಪಠ್ಯದಲ್ಲೂ ಇಲ್ಲ, ರಸಪ್ರಶ್ನೆಯಲ್ಲಿಯೂ ಬರಲಾರದು. ಆದರೆ ಗೆಳೆಯರೇ, ಮನೆ ಬಿಟ್ಟು ಓಡುವವರ ಸುದ್ದಿ ಇಲ್ಲದೆ ಒಂದು ದಿನದ ಪತ್ರಿಕೆಯೂ ಬರುವುದಿಲ್ಲ. ಆ ಸುದ್ದಿ ಓದುವಾಗ ನಾವು ಬಾಗಿಲಿನ ಯಾವ ಕಡೆ ನಿಂತಿದ್ದೇವೆ ಎಂದು ಒಮ್ಮೆ ಕೇಳಿಕೊಳ್ಳಲು ಈ ಹಳೆಯ ಕಪ್ಪುಬಿಳುಪು ಚಿತ್ರ ನೆರವಾಗುತ್ತದೆ.

ಚಿತ್ರದ ಕಥೆಯನ್ನು ಉಮ್ಮನಿಗೆ ಹೇಳಿದೆ. ಗಡಿಯಲ್ಲಿ ಕಾಯುವ ಭಾಗ ಬಂದಾಗ ಅವರು ಅಕ್ಕಿ ಆರಿಸುವುದನ್ನು ನಿಲ್ಲಿಸಿ, ಗುಡ್ಡದ ಮನೆಯವರು ಆ ರಾತ್ರಿ ಯಾರು ಎಂದು ಕೇಳುವ ಮೊದಲೇ ಬಾಗಿಲು ತೆಗೆದಿದ್ದರು ಎಂದು ನೆನಪಿಸಿದರು. ಪ್ರತಿ ಈದ್‌ಗೆ ನಮ್ಮ ಮನೆಯಿಂದ ಅಲ್ಲಿಗೊಂದು ಬುತ್ತಿ ಹೋಗುತ್ತದೆ. ಇಷ್ಟು ದಿನ ಅಣ್ಣ ಕೊಂಡೊಯ್ಯುತ್ತಿದ್ದ. ಈ ಸಲ ನಾನೇ ಹೋಗುತ್ತೇನೆ ಎಂದಿದ್ದೇನೆ.